ಕ್ಯಾಮೆರಾದ ಆ ಕಡೆ ಕೂತಿರುವ ಮಗು

ಧಾರವಾಡ

ಅಕ್ಕರೆಯ ಮಗಳೇ,

ಫೋನಿನಲ್ಲಿ ನೀನು ಕೇಳಿದ್ದಕ್ಕೆ ಆಗಲೇ ಏನೋ ಒಂದು ಹೇಳಿ ಮುಗಿಸಬಹುದಿತ್ತು. ಮನಸ್ಸು ಬರಲಿಲ್ಲ. ಅದಕ್ಕೇ ಈ ಪತ್ರ.

ಮಕ್ಕಳ ಕಾರ್ಯಕ್ರಮದ ನಿರೂಪಕಿಯಾಗಿ ನಿನ್ನನ್ನು ಆರಿಸಿದ್ದಾರೆ ಅಂದ ದಿನವೇ ನಿಮ್ಮಪ್ಪ ಓಣಿಗೆಲ್ಲ ಪೇಢೆ ಹಂಚಿ ಬಂದರು. ನಿನ್ನ ದನಿಯಲ್ಲಿ ಮಾತ್ರ ಖುಷಿಗಿಂತ ದಿಗಿಲೇ ಜಾಸ್ತಿ ಇತ್ತು. ಜೋರಾಗಿ ಮಾತಾಡಬೇಕು, ಎಲ್ಲೂ ನಿಲ್ಲಬಾರದು, ಎರಡು ಸೆಕೆಂಡ್ ಸುಮ್ಮನಿದ್ದರೂ ಮಕ್ಕಳು ಚಾನೆಲ್ ಬದಲಿಸುತ್ತಾರೆ ಅಂತ ಅಲ್ಲಿಯವರು ಹೇಳಿದರಂತೆ. ನಿನ್ನ ಧಾರವಾಡದ ಮಾತನ್ನೂ ಸ್ವಲ್ಪ ತಿದ್ದಿಕೋ ಅಂದರಂತೆ. 'ಅವ್ವಾ, ನಾ ಏನ್ ಮಾಡ್ಲಿ?' ಅಂದೆಯಲ್ಲ, ಆ ಮಾತು ಇಡೀ ದಿನ ನನ್ನ ಕಿವಿಯಲ್ಲೇ ಇತ್ತು.

ಬಾಲವಾಡಿ ಮಕ್ಕಳ ನಡುವೆ ಇಷ್ಟು ವರ್ಷ ಕೂತವಳಿಗೆ ಒಂದು ವಿಷಯ ಚೆನ್ನಾಗಿ ಗೊತ್ತು. ಮಗುವಿಗೆ ಪ್ರಶ್ನೆ ಕೇಳಿದರೆ ಅದು ಮೊದಲು ಮೇಲೆ ನೋಡುತ್ತದೆ. ಅಂಗಿಯ ಗುಂಡಿ ತಿರುವುತ್ತದೆ. ಪಕ್ಕದವಳ ಮುಖ ನೋಡುತ್ತದೆ. ಆಮೇಲೆ ಉತ್ತರ ಬರುತ್ತದೆ. ಅಷ್ಟರಲ್ಲಿ ನಾವೇ ಬಾಯಿ ಹಾಕಿದರೆ ಆ ಉತ್ತರ ಒಳಗೇ ಉಳಿದುಬಿಡುತ್ತದೆ. ಅವರು ಬೇಡ ಅನ್ನುವ ಆ ಎರಡು ಸೆಕೆಂಡಿನಲ್ಲೇ ಮಗು ಯೋಚನೆ ಮಾಡುವುದು.

ಇದನ್ನು ಟಿವಿಯಲ್ಲೂ ಮಾಡಬಹುದು ಅಂತ ಒಬ್ಬ ಮನುಷ್ಯ 30 ವರ್ಷಕ್ಕೂ ಹೆಚ್ಚು ಕಾಲ ಮಾಡಿ ತೋರಿಸಿದ್ದಾರೆ. ಅಮೆರಿಕದ ಟಿವಿಯಲ್ಲಿ ಮಕ್ಕಳ ಕಾರ್ಯಕ್ರಮ ನಡೆಸುತ್ತಿದ್ದ ಫ್ರೆಡ್ ರೋಜರ್ಸ್. ಅವರ ಹೆಸರನ್ನು ನಾನು ಮೊದಲು ಕೇಳಿದ್ದು ನಮ್ಮ ತರಬೇತಿಯಲ್ಲಿ, ಒಬ್ಬ ಮೇಡಂ ಬಾಯಲ್ಲಿ. ಆಮೇಲೆ ಸಿಕ್ಕ ವಿಡಿಯೊಗಳನ್ನೆಲ್ಲ ನೋಡಿದೆ. ಇಂಗ್ಲಿಷ್ ಅಷ್ಟು ಚೆನ್ನಾಗಿ ತಿಳಿಯದ ನನಗೂ ಅವರ ಮಾತು ತಿಳಿಯಿತು. ಅಷ್ಟು ನಿಧಾನ, ಅಷ್ಟು ಸ್ಪಷ್ಟ.

ಅವರು ಹುಟ್ಟಿದ್ದು 1928ರಲ್ಲಿ, ಪಿಟ್ಸ್‌ಬರ್ಗ್ ಹತ್ತಿರದ ಲಾಟ್ರೋಬ್ ಎಂಬ ಸಣ್ಣ ಊರಲ್ಲಿ. ದಪ್ಪಗಿನ, ನಾಚಿಕೆಯ, ಉಬ್ಬಸದ ಹುಡುಗ. ಶಾಲೆಯಲ್ಲಿ ಹುಡುಗರು ಗೇಲಿ ಮಾಡುತ್ತಿದ್ದರು. ಮನೆಯಲ್ಲಿ ಒಬ್ಬನೇ ಕೂತು ಬೊಂಬೆ ಆಡಿಸುತ್ತಿದ್ದ, ಪಿಯಾನೊ ನುಡಿಸುತ್ತಿದ್ದ. ಮುಂದೆ ಸಂಗೀತ ಓದಿದರು. ಪಾದ್ರಿಯಾಗಬೇಕೆಂದಿದ್ದವರು 1951ರಲ್ಲಿ ಮನೆಗೆ ಬಂದಾಗ ಮೊದಲ ಸಲ ಟಿವಿ ನೋಡಿದರು. ಅದರಲ್ಲಿ ಜನ ಒಬ್ಬರ ಮುಖಕ್ಕೆ ಒಬ್ಬರು ತಿಂಡಿ ಎಸೆದು ನಗುತ್ತಿದ್ದರು. ಇಂಥ ದೊಡ್ಡ ಸಾಧನವನ್ನು ಇದಕ್ಕಾ ಬಳಸುವುದು ಅಂತ ಅವರಿಗೆ ಸಂಕಟವಾಯಿತು. ಸಂಕಟವಾದವರು ಟಿವಿ ಆರಿಸಿ ಎದ್ದುಹೋಗಲಿಲ್ಲ, ಅದರೊಳಗೇ ಕೆಲಸ ಹುಡುಕಿಕೊಂಡು ಹೊರಟರು. ಇದು ನನಗೆ ಬಹಳ ಹಿಡಿಸಿದ ಸಂಗತಿ.

ನ್ಯೂಯಾರ್ಕಿನಲ್ಲಿ ಸ್ವಲ್ಪ ಕಾಲ ಇದ್ದು, 1953ರಲ್ಲಿ ಪಿಟ್ಸ್‌ಬರ್ಗಿನ ಶೈಕ್ಷಣಿಕ ಟಿವಿ ಕೇಂದ್ರಕ್ಕೆ ಬಂದರು. ಮರುವರ್ಷ ಅಲ್ಲಿ ಮಕ್ಕಳ ಕಾರ್ಯಕ್ರಮ ಶುರುವಾಯಿತು. ಎದುರಿಗೆ ನಿಂತು ನಡೆಸಿಕೊಡುತ್ತಿದ್ದವರು ಜೋಸಿ ಕ್ಯಾರಿ. ರೋಜರ್ಸ್ ಪರದೆಯ ಹಿಂದೆ ಬೊಂಬೆ ಹಿಡಿದು ಆ ಕಡೆಯಿಂದ ಈ ಕಡೆ ಓಡುತ್ತಿದ್ದರು. ಸಪ್ಪಳವಾಗಬಾರದು ಅಂತ ಕ್ಯಾನ್ವಾಸ್ ಬೂಟು ಹಾಕಿಕೊಂಡರು. ಆ ಬೂಟೇ ಮುಂದೆ ಅವರ ಗುರುತಾಯಿತು. ಕೆಲಸ ಮಾಡುತ್ತಲೇ ಧರ್ಮಶಾಸ್ತ್ರ ಓದಿ 1963ರಲ್ಲಿ ಪಾದ್ರಿಯಾದರು. ಮಾರ್ಗರೆಟ್ ಮೆಕ್‌ಫಾರ್ಲೆಂಡ್ ಎಂಬ ಮಕ್ಕಳ ಮನಶ್ಶಾಸ್ತ್ರಜ್ಞೆಯ ಹತ್ತಿರ ಪಾಠ ಕಲಿತರು. ಅದು ಒಂದೆರಡು ವರ್ಷದ ಪಾಠವಲ್ಲ. 1988ರಲ್ಲಿ ಆಕೆ ತೀರಿಕೊಳ್ಳುವವರೆಗೂ, ಊರೆಲ್ಲ ಹೆಸರಾದ ಮೇಲೂ, ಬರೆದದ್ದನ್ನು ಆಕೆಗೆ ತೋರಿಸಿ ಕೇಳುತ್ತಿದ್ದರು. ನೀನೂ ಅಂಥ ಒಬ್ಬರನ್ನು ಹುಡುಕಿಕೋ. ಕಾರ್ಯಕ್ರಮ ಚೆನ್ನಾಗಿದೆ ಅನ್ನುವವರು ನೂರು ಮಂದಿ ಸಿಗುತ್ತಾರೆ. ಈ ಮಾತಿಗೆ ಮಗು ಹೆದರುತ್ತದೆ ಅಂತ ಹೇಳುವವರು ಒಬ್ಬರು ಬೇಕು.

ಅವರು ಕ್ಯಾಮೆರಾದ ಮುಂದೆ ಬಂದದ್ದು ಕೆನಡಾದಲ್ಲಿ. ಅಲ್ಲಿಯ ಟಿವಿಯ ಅಧಿಕಾರಿಯೊಬ್ಬರು ಅವರು ಮಕ್ಕಳ ಜೊತೆ ಮಾತಾಡುವುದನ್ನು ನೋಡಿದ್ದರು. ಇದನ್ನೇ ಕ್ಯಾಮೆರಾಗೆ ಮಾಡಿ, ಬೇರೇನೂ ಬೇಡ ಅಂದರು. ನಿನ್ನ ಮಾತಿನ ಪ್ರಶ್ನೆಗೆ ಉತ್ತರ ಇಲ್ಲೇ ಇದೆ, ನೋಡು. ನಿನ್ನನ್ನೂ ಮಕ್ಕಳ ನಡುವೆ ಕೂರಿಸಿ ನೋಡಿಯೇ ಆರಿಸಿದರು ಅಂದೆ. ಆ ಹೊತ್ತು ನೀನು ನಮ್ಮ ಮಾತಿನಲ್ಲೇ ಮಾತಾಡಿದೆ. 'ಬಾರವ್ವ, ಇಲ್ಲಿ ಕೂಡು' ಅಂದಾಗ ಆ ಹುಡುಗಿ ಬಂದು ನಿನ್ನ ತೊಡೆಯ ಮೇಲೇ ಕೂತಳಂತೆ. ಬೆಂಗಳೂರಿನ ಮಗುವಿಗೆ ತಿಳಿದದ್ದು ಬೇರೆ ಊರಿನ ಮಗುವಿಗೆ ತಿಳಿಯುವುದಿಲ್ಲವೇ? ಧಾರವಾಡ ಆಕಾಶವಾಣಿ 1950ರಲ್ಲಿ ಶುರುವಾಯಿತು. ನಾವು ಸಣ್ಣವರಿದ್ದಾಗ ಅದರ ಮಕ್ಕಳ ಕಾರ್ಯಕ್ರಮಕ್ಕೆ ರೇಡಿಯೊ ಮುಂದೆ ಸಾಲಾಗಿ ಕೂತಿರುತ್ತಿದ್ದೆವು. ನಮ್ಮ ಮನೆಯ ಮಾತೇ ಆ ಪೆಟ್ಟಿಗೆಯಿಂದ ಬಂದಾಗ ಆಗುತ್ತಿದ್ದ ಹಿಗ್ಗು ಹೇಳಲಾರೆ. ನವಲಗುಂದದಲ್ಲೋ ರೋಣದಲ್ಲೋ ಕೂತ ಮಗುವಿಗೆ ಆ ಹಿಗ್ಗು ನಿನ್ನಿಂದ ಸಿಗಲಿ. ಅಕ್ಷರ ತಪ್ಪಿದರೆ ತಿದ್ದಿಕೋ, ಒಳ್ಳೆಯದೇ. ಊರನ್ನು ತಿದ್ದಿಕೊಳ್ಳಬೇಡ.

1968ರ ಫೆಬ್ರವರಿಯಿಂದ ರೋಜರ್ಸ್ ಅವರ ಕಾರ್ಯಕ್ರಮ ಇಡೀ ಅಮೆರಿಕದಲ್ಲಿ ಬರತೊಡಗಿತು. 2001ರವರೆಗೆ ಸುಮಾರು 900 ಕಂತು. ಶುರುವಾಗುವುದು ಹೇಗೆ ಅಂತೀ? ಹಾಡುತ್ತ ಮನೆಯೊಳಗೆ ಬರುತ್ತಾರೆ. ಕೋಟು ತೆಗೆದು ಅವರಮ್ಮ ಹೆಣೆದ ಸ್ವೆಟರ್ ಹಾಕಿಕೊಳ್ಳುತ್ತಾರೆ. ಕೂತು ಬೂಟು ಬದಲಿಸುತ್ತಾರೆ. ಮೀನಿಗೆ ಆಹಾರ ಹಾಕುತ್ತಾರೆ. ಹಾಡು, ಮಾತು, ಬೊಂಬೆಗಳ ದನಿ ಹೆಚ್ಚಿನವು ಅವರದೇ. ಒಮ್ಮೆ ಒಂದು ನಿಮಿಷ ಅಂದರೆ ಎಷ್ಟು ಹೊತ್ತು ಅಂತ ತೋರಿಸಲು ಗಡಿಯಾರ ಇಟ್ಟುಕೊಂಡು ಇಡೀ ನಿಮಿಷ ಸುಮ್ಮನೆ ಕೂತರು. ಟಿವಿಯಲ್ಲಿ! ಮಕ್ಕಳು ಚಾನೆಲ್ ಬದಲಿಸಲಿಲ್ಲ.

ಕಾರ್ಯಕ್ರಮದೊಳಗಿನ ಬೊಂಬೆಗಳ ಲೋಕಕ್ಕೆ ಹಳಿಯ ಮೇಲೆ ಓಡುವ ಒಂದು ಪುಟ್ಟ ಟ್ರಾಲಿ ಹೋಗುತ್ತದೆ. ರೋಜರ್ಸ್ ಮಾತ್ರ ಆ ಲೋಕದಲ್ಲಿ ಕಾಣಿಸಿಕೊಳ್ಳುವುದಿಲ್ಲ. ಇದು ನಿಜ, ಅದು ಕಲ್ಪನೆ ಅಂತ ಮಗುವಿಗೆ ಗೊತ್ತಾಗಲಿ ಎಂದೇ ಹಾಗೆ ಮಾಡಿದ್ದು. ಸ್ನಾನದ ನೀರಿನ ಜೊತೆ ತಾನೂ ಮೋರಿಯ ತೂತಿನಲ್ಲಿ ಹೋಗಿಬಿಡುತ್ತೇನೆ ಅಂತ ಸಣ್ಣ ಮಕ್ಕಳು ಹೆದರುತ್ತಾರೆ. ಅದಕ್ಕೆ ಅವರು ಒಂದು ಹಾಡೇ ಬರೆದರು, ನೀನು ಎಂದೂ ಅದರಲ್ಲಿ ಹೋಗಲಾರೆ ಅಂತ. ಹಸಿರು ಮೈಯ ಹಲ್ಕ್ ಧಾರಾವಾಹಿ ನೋಡಿ ಮಕ್ಕಳು ಹೆದರಿದಾಗ ಆ ಚಿತ್ರೀಕರಣದ ಜಾಗಕ್ಕೇ ಹೋಗಿ, ನಟನಿಗೆ ಹಸಿರು ಬಣ್ಣ ಬಳಿಯುವುದನ್ನು ತೋರಿಸಿದರು. ಇಂಥ ಹೆದರಿಕೆಗೆ ದೊಡ್ಡವರು ನಕ್ಕುಬಿಡುತ್ತಾರೆ. ಅವರು ಒಂದು ದಿನವೂ ನಗಲಿಲ್ಲ.

ಮೀನಿನ ಕಥೆ ಹೇಳಲೇಬೇಕು. ಒಬ್ಬ ಅಂಧ ಹುಡುಗಿಯ ಮನೆಯಿಂದ ಪತ್ರ ಬಂತು. ನೀವು ಮೀನಿಗೆ ಊಟ ಹಾಕಿದಿರೋ ಇಲ್ಲವೋ ನಮ್ಮ ಮಗಳಿಗೆ ಕಾಣುವುದಿಲ್ಲ, ಮೀನು ಹಸಿದಿದೆ ಅಂತ ಅಳುತ್ತಾಳೆ, ದಯವಿಟ್ಟು ಬಾಯಲ್ಲಿ ಹೇಳಿ. ಅಂದಿನಿಂದ ಅವರು ಮೀನಿಗೆ ಆಹಾರ ಹಾಕುವಾಗ ಅದನ್ನು ಬಾಯಿಬಿಟ್ಟು ಹೇಳತೊಡಗಿದರು. ನೋಡುವವರು ಲಕ್ಷಗಟ್ಟಲೆ ಇದ್ದರು. ಅವರು ಮಾತಾಡಿದ್ದು ಆ ಒಂದು ಮಗುವಿನ ಜೊತೆ. ನೀನು ಆ ಗಾಜಿನ ಕಣ್ಣಿನೆದುರು ನಿಂತಾಗ 'ಹಾಯ್ ಮಕ್ಕಳೇ' ಅಂತ ಜಾತ್ರೆಗೆ ಕೂಗಿದಂತೆ ಕೂಗಬೇಡ. ನಮ್ಮ ಮನೆಯ ಚಾಪೆಯ ಮೇಲೆ ಕೂತು ರೊಟ್ಟಿ ತಿನ್ನುತ್ತಿರುವ ಒಬ್ಬನನ್ನು ಮನಸ್ಸಿಗೆ ತಂದುಕೋ.

1970ರಲ್ಲಿ ಅವರ ತೊಟ್ಟಿಯ ಮೀನೊಂದು ಸತ್ತ ಕಂತು ಬಂತು. ಅದನ್ನು ಎತ್ತಿ ಉಪ್ಪುನೀರಿಗೆ ಹಾಕಿ ನೋಡಿದರು. ಏಳಲಿಲ್ಲ. ಮಣ್ಣು ಮಾಡಿದರು. ತಾನು ಸಣ್ಣವನಿದ್ದಾಗ ಸಾಕಿದ ನಾಯಿ ಸತ್ತದ್ದು, ತಾನು ಅತ್ತದ್ದು, ಎಲ್ಲ ಹೇಳಿದರು. ಇದನ್ನು ನೋಡಿದಾಗ ನನಗೆ ನೆನಪಾದದ್ದು ನಮ್ಮ ಬಾಲವಾಡಿಯ ಒಬ್ಬ ಹುಡುಗ. ಅವನ ಅಜ್ಜಿ ತೀರಿಕೊಂಡಿದ್ದಳು. ಮನೆಯವರು ಅಜ್ಜಿ ಗದಗಿಗೆ ಹೋಗ್ಯಾಳ ಅಂದುಬಿಟ್ಟಿದ್ದರು. ಅವನು ದಿನಾ ಗೇಟಿನ ಹತ್ತಿರ ನಿಂತು 'ಟೀಚರ್, ಗದಗ ಬಸ್ ಬಂತೇನ್ರಿ?' ಅನ್ನುತ್ತಿದ್ದ. ಅವನ ತಾಯಿಯ ಜೊತೆ ಮಾತಾಡಿ ಒಪ್ಪಿಸಿದೆ. ಇಬ್ಬರೂ ಕೂತು ಅವನಿಗೆ ನಿಜ ಹೇಳಿದೆವು. ಅತ್ತ. ಆಮೇಲೆ ಕೇಳಿದ, 'ಅಜ್ಜಿಗೆ ಅಲ್ಲಿ ಹಸಿವು ಆಗಂಗಿಲ್ಲೇನು?' ಇಲ್ಲಪ್ಪ, ಸತ್ತವರಿಗೆ ಹಸಿವಾಗುವುದಿಲ್ಲ, ನೋವೂ ಆಗುವುದಿಲ್ಲ ಅಂದೆ. ಗೇಟಿನ ಹತ್ತಿರ ನಿಲ್ಲುವುದು ನಿಂತಿತು. ಮಕ್ಕಳಿಗೆ ತಾಳಲಾಗದ್ದು ಕಾಯುವುದು, ಗೊತ್ತಾಗದೇ ಕಾಯುವುದು.

1968ರ ಜೂನ್‌ನಲ್ಲಿ ಅಮೆರಿಕದ ರಾಜಕಾರಣಿ ರಾಬರ್ಟ್ ಕೆನಡಿಯ ಕೊಲೆಯಾದಾಗಲೂ ರೋಜರ್ಸ್ ಸುಮ್ಮನಿರಲಿಲ್ಲ. ಮಕ್ಕಳು ಮನೆಯಲ್ಲಿ ಆ ಸುದ್ದಿ ಕೇಳುತ್ತಿದ್ದಾರೆ, ಹೆದರಿದ್ದಾರೆ, ಅದರ ಬಗ್ಗೆ ಅವರ ಜೊತೆ ಮಾತಾಡಬೇಕು ಅಂತ ವಿಶೇಷ ಕಾರ್ಯಕ್ರಮವನ್ನೇ ಮಾಡಿದರು.

1969ರಲ್ಲಿ ಇನ್ನೊಂದು ಕಂತು. ಅಲ್ಲಿ ಈಜುಕೊಳದಲ್ಲಿ ಕಪ್ಪು ಜನ ಇಳಿದರೆ ಬಿಳಿಯರು ಗಲಾಟೆ ಮಾಡುತ್ತಿದ್ದ ಕಾಲ. ರೋಜರ್ಸ್ ಒಂದು ಪುಟ್ಟ ಪ್ಲಾಸ್ಟಿಕ್ ತೊಟ್ಟಿಯಲ್ಲಿ ಕಾಲು ಇಳಿಬಿಟ್ಟು ಕೂತಿದ್ದರು. ಪೊಲೀಸ್ ಪಾತ್ರದ ಫ್ರಾಂಸ್ವಾ ಕ್ಲೆಮನ್ಸ್ ಬಂದರು, ಕಪ್ಪು ಗಾಯಕ. ಬಾ, ನೀನೂ ಕಾಲು ಇಡು ಅಂತ ರೋಜರ್ಸ್ ಕರೆದರು. ಇಬ್ಬರ ಕಾಲೂ ಒಂದೇ ನೀರಲ್ಲಿ. ಒಂದೇ ಟವೆಲ್ಲು. ಭಾಷಣ ಇಲ್ಲ. ಒಂದೇ ಗಡಿಗೆಯ ನೀರಿಗಾಗಿ ನಮ್ಮ ಊರುಗಳಲ್ಲಿ ಏನೇನು ನಡೆದಿದೆ ಅಂತ ನಿನಗೆ ಹೇಳಬೇಕಾಗಿಲ್ಲ. ಒಂದು ಮಾತನ್ನು ಮುಚ್ಚಿಡುವುದಿಲ್ಲ. ಇದೇ ಕ್ಲೆಮನ್ಸ್ ಗಂಡಸರನ್ನು ಪ್ರೀತಿಸುವವರು. ಅದು ಹೊರಗೆ ಗೊತ್ತಾದರೆ ಕಾರ್ಯಕ್ರಮಕ್ಕೆ ಪೆಟ್ಟು, ಬಹಿರಂಗ ಮಾಡಬೇಡ ಅಂತ ರೋಜರ್ಸ್ ಕ್ಲೆಮನ್ಸ್‌ಗೆ ಹೇಳಿದ್ದರು. ಮುಂದೆ ಕ್ಲೆಮನ್ಸ್ ಅವರೇ ಇದನ್ನು ಹೇಳಿಕೊಂಡಿದ್ದಾರೆ. ಓದಿ ನನಗೆ ನೋವಾಯಿತು. ಅಷ್ಟು ಒಳ್ಳೆಯವರಿಗೂ ಹೆದರಿಕೆ ಇತ್ತು. ನಿನ್ನ ಜೊತೆ ಕೆಲಸ ಮಾಡುವವರಿಗೆ ಅಂಥ ಹೊರೆ ನಿನ್ನಿಂದ ಬಾರದಿರಲಿ.

ದುಡ್ಡಿನ ವಿಷಯಕ್ಕೆ ಬರುತ್ತೇನೆ. 1969ರ ಮೇ 1ರಂದು ಅವರು ಅಮೆರಿಕದ ಸೆನೆಟ್, ಅಂದರೆ ಅಲ್ಲಿಯ ಸಂಸತ್ತಿನ ಮೇಲ್ಮನೆಯ ಸಮಿತಿಯ ಎದುರು ಕೂತರು. ಸಾರ್ವಜನಿಕ ಟಿವಿಗೆ ಕೊಡಬೇಕಾದ 2 ಕೋಟಿ ಡಾಲರ್‌ಗೆ ಕತ್ತರಿ ಬೀಳುವುದರಲ್ಲಿತ್ತು. ಸಮಿತಿಯ ಅಧ್ಯಕ್ಷ ಜಾನ್ ಪಾಸ್ಟೋರೆ ಸಿಡುಕಿನ ಮನುಷ್ಯ. ರೋಜರ್ಸ್ ತಂದಿದ್ದ ಬರಹ ಓದಲಿಲ್ಲ. ಸುಮಾರು ಆರು ನಿಮಿಷ ಮಾತಾಡಿದರು. ಸಿಟ್ಟು ಬಂದಾಗ ಏನು ಮಾಡಬೇಕು ಅಂತ ಮಕ್ಕಳಿಗಾಗಿ ಬರೆದ ಹಾಡಿನ ಸಾಲುಗಳನ್ನು ಹೇಳಿದರು. ಮಕ್ಕಳ ಮುಂದೆ ಹೇಗೋ ಹಾಗೇ, ಅದೇ ದನಿ. ಪಾಸ್ಟೋರೆ ಮೈ ಜುಮ್ಮೆಂದಿತು ಅಂದರು, ನಿಮ್ಮ 2 ಕೋಟಿ ನಿಮಗೆ ದಕ್ಕಿತು ಅಂದರು. ಆ ವಿಡಿಯೊ ನೋಡು, ನಿನ್ನ ಮೇಲಿನವರಿಗೂ ತೋರಿಸು. ಇನ್ನು, ಮಕ್ಕಳಿಗೆ ವಸ್ತು ಮಾರುವ ಜಾಹೀರಾತಿಗೆ ಅವರು ಯಾವತ್ತೂ ನಿಲ್ಲಲಿಲ್ಲ. ನಿನ್ನ ಕೈಗೆ ಬಿಸ್ಕತ್ ಪೊಟ್ಟಣ ಕೊಟ್ಟು ಮಗುವಿಗೆ ತೋರಿಸು ಅಂದ ದಿನ ನನಗೆ ಫೋನ್ ಮಾಡು. ಸಂಬಳ ಕಡಿಮೆಯಾದರೆ ನಾವಿದ್ದೇವೆ.

ಏನು ತೋರಿಸಲಿ ಅಂತ ಕೇಳಿದೆಯಲ್ಲ. ರೋಜರ್ಸ್ ಒಮ್ಮೆ ಬಣ್ಣದ ಕಡ್ಡಿ ಮಾಡುವ ಕಾರ್ಖಾನೆಗೆ ಹೋಗಿ, ಕಾದ ಮೇಣ ಕಡ್ಡಿಯಾಗಿ ಪೆಟ್ಟಿಗೆ ಸೇರುವವರೆಗೆ ತೋರಿಸಿದರು. ಜನ ಇಂದಿಗೂ ಅದನ್ನು ನೆನೆಯುತ್ತಾರೆ. ನಮ್ಮಲ್ಲಿ ಏನು ಕಡಿಮೆ ಇದೆ? ಹುಬ್ಬಳ್ಳಿಯ ಬೆಂಗೇರಿಯಲ್ಲಿ ರಾಷ್ಟ್ರಧ್ವಜ ತಯಾರಾಗುತ್ತದೆ. ಚಕ್ರದ 24 ಗೆರೆಗಳು ಬಟ್ಟೆಯ ಎರಡೂ ಕಡೆ ಒಂದರ ಮೇಲೊಂದು ಸರಿಯಾಗಿ ಕೂರಬೇಕು, ಅದನ್ನು ಹೇಗೆ ಮಾಡುತ್ತಾರೆ ಅಂತ ತೋರಿಸು. ಗದಗ-ಬೆಟಗೇರಿಯ ಮಗ್ಗ ಇದೆ. ನವಲಗುಂದದ ಜಮಖಾನೆ ನೇಯುವ ಹೆಣ್ಣುಮಕ್ಕಳಿದ್ದಾರೆ. ಬ್ಯಾಡಗಿಯ ಮೆಣಸಿನಕಾಯಿ ಅಷ್ಟು ಕೆಂಪಗಿದ್ದರೂ ಖಾರ ಯಾಕೆ ಕಡಿಮೆ ಅಂತ ಮಕ್ಕಳು ಕೇಳಿಯೇ ಕೇಳುತ್ತಾರೆ. ಮಣ್ಣೆತ್ತಿನ ಅಮಾವಾಸ್ಯೆಗೆ ಎತ್ತು ಮಾಡುವವರ ಕೈ ಹತ್ತಿರಕ್ಕೆ ಕ್ಯಾಮೆರಾ ಒಯ್ಯಿ. ಕೊಂಬು ಬರುವವರೆಗೆ ಮಾತಾಡಬೇಡ.

2003ರ ಫೆಬ್ರವರಿ 27ರಂದು ರೋಜರ್ಸ್ ಹೊಟ್ಟೆಯ ಕ್ಯಾನ್ಸರಿನಿಂದ ತೀರಿಕೊಂಡರು. 74 ವರ್ಷ. ಅವರು 1997ರಲ್ಲಿ ದೊಡ್ಡ ಪ್ರಶಸ್ತಿಯೊಂದನ್ನು ತೆಗೆದುಕೊಳ್ಳುವಾಗ ತುಂಬಿದ ಸಭೆಗೆ ಹೇಳಿದ್ದರು: ನಿಮ್ಮನ್ನು ಪ್ರೀತಿಸಿ ಬೆಳೆಸಿದವರನ್ನು 10 ಸೆಕೆಂಡ್ ನೆನೆಯಿರಿ, ನಾನು ಗಡಿಯಾರ ನೋಡುತ್ತೇನೆ. ಅನೇಕ ನಟ ನಟಿಯರು ಅತ್ತರು. ಅಂಥ ಸಭೆಯಲ್ಲೂ ಅವರಿಗೆ ಮೌನದ ಅಂಜಿಕೆ ಇರಲಿಲ್ಲ.

ನಿನ್ನ ಸುದ್ದಿಯನ್ನು ನಮ್ಮ ಬಾಲವಾಡಿಯಲ್ಲಿ ಹೇಳಿದೆ. ಅಕ್ಕ ಟಿವಿಯಲ್ಲಿ ಬರುತ್ತಾಳೆ, ಏನು ಕೇಳಬೇಕು ಅಂದೆ. ಒಬ್ಬನಿಗೆ ಜೆಸಿಬಿ ಬೇಕು. ಒಬ್ಬಳಿಗೆ ಹಲ್ಲಿ ಗೋಡೆಯಿಂದ ಯಾಕೆ ಬೀಳುವುದಿಲ್ಲ ಅಂತ ತಿಳಿಯಬೇಕು. ಸುಮ್ಮನೆ ಕೂತಿರುವ ಹುಡುಗಿ ಒಬ್ಬಳಿದ್ದಾಳೆ, ಎಲ್ಲರೂ ಮುಗಿಸಿದ ಮೇಲೆ ನನ್ನ ಸೆರಗು ಹಿಡಿದು ಕೇಳಿದಳು, 'ಟಿವಿಯೊಳಗಿನ ಅಕ್ಕಗ ನಾವು ಕಾಣ್ತೀವೇನ್ರಿ?' ಅದನ್ನು ನೀನೇ ಮೊದಲ ಕಂತಿನಲ್ಲಿ ಹೇಳು. ಕಾಣುವುದಿಲ್ಲ ಅಂತಲೇ ಹೇಳು, ಕ್ಯಾಮೆರಾ ತೋರಿಸಿ ಹೇಳು.

ಶೇಂಗಾ ಹೋಳಿಗೆ, ಸಜ್ಜೆ ರೊಟ್ಟಿ ಮಾಡಿಟ್ಟಿದ್ದೇನೆ. ಭಾನುವಾರ ರಾತ್ರಿಯ ಬಸ್ಸಿಗೆ ನಿಮ್ಮ ಸೋದರಮಾವ ಬರುತ್ತಾನೆ, ಬೆಳಿಗ್ಗೆ ಬೇಗ ಎದ್ದು ಇಸಿದುಕೋ. ಶೂಟಿಂಗ್ ತಾರೀಕು ಗೊತ್ತಾದ ಕೂಡಲೇ ತಿಳಿಸು.

ನಿನ್ನ
ಅವ್ವ