ಚೆಂದ್ರುವಿನ ಹುಲಿ, ಆರ್ನೆಯ ಕ್ಯಾಮೆರಾ

ಪ್ರೀತಿಯ ಗೆಳೆಯಾ,

ಸ್ವೀಡನ್ ಸಿನಿಮಾ ಅಂದರೆ ಬರ್ಗ್‌ಮನ್ ಒಬ್ಬನೇ ಅಲ್ವಾ ಅಂತ ನೀನು ಹೋದ ವಾರ ಫೋನಿನಲ್ಲಿ ಕೇಳಿದ್ದೆ. ಆಗ ನಾನು ಬಸ್ಸಿನಲ್ಲಿದ್ದೆ, ಸರಿಯಾಗಿ ಮಾತಾಡಲು ಆಗಲಿಲ್ಲ. ಇವತ್ತು ಕೂತು ಬರೆಯುತ್ತಿದ್ದೇನೆ.

ಬರ್ಗ್‌ಮನ್‌ಗಿಂತ ಒಂದು ವರ್ಷ ದೊಡ್ಡವನು ಇನ್ನೊಬ್ಬ ನಿರ್ದೇಶಕನಿದ್ದ. ಆರ್ನೆ ಸುಕ್ಸ್‌ಡಾರ್ಫ್. 1917ರಲ್ಲಿ ಸ್ಟಾಕ್‌ಹೋಮ್‌ನಲ್ಲಿ ಹುಟ್ಟಿದವನು. ಆಸ್ಕರ್ ಬಂದ ಮೊದಲ ಸ್ವೀಡಿಷ್ ಚಿತ್ರ ಇವನದೇ. ತನ್ನ ಊರಿನ ಬಗ್ಗೆ 1947ರಲ್ಲಿ ತೆಗೆದ ಕಿರುಚಿತ್ರ ಅದು, ಪ್ರಶಸ್ತಿ ಬಂದದ್ದು 1949ರಲ್ಲಿ.

ನನಗೆ ಅದಕ್ಕಿಂತ ಜಾಸ್ತಿ ಇಷ್ಟವಾದದ್ದು ಮರುವರ್ಷದ ಇನ್ನೊಂದು ಕಿರುಚಿತ್ರ. ಹತ್ತು ನಿಮಿಷವೂ ಇಲ್ಲ. ಹಿಮ ಬಿದ್ದ ಕಾಡು, ರಾತ್ರಿ, ಒಂದು ಚರ್ಚು. ನರಿ, ಮೊಲ, ಗೂಬೆ. ಒಂದು ಜೀವ ಇನ್ನೊಂದರ ಬೆನ್ನು ಹತ್ತುತ್ತದೆ. ನೋಡುತ್ತಾ ನೋಡುತ್ತಾ ನಾನು ಉಸಿರು ಬಿಗಿಹಿಡಿದು ಕೂತಿದ್ದೆ.

1953ರಲ್ಲಿ ಅವನು ಮೊದಲ ಪೂರ್ಣ ಪ್ರಮಾಣದ ಚಿತ್ರ ಮಾಡಿದ. ಇಬ್ಬರು ಹುಡುಗರು ಒಂದು ನೀರುನಾಯಿಯನ್ನು ಯಾರಿಗೂ ಗೊತ್ತಾಗದ ಹಾಗೆ ಅಟ್ಟದಲ್ಲಿ ಸಾಕುತ್ತಾರೆ. ಕತೆ ಇಷ್ಟೇ. ಬರೆದದ್ದು, ಕ್ಯಾಮೆರಾ ಹಿಡಿದದ್ದು, ಎಡಿಟ್ ಮಾಡಿದ್ದು ಎಲ್ಲ ಅವನೇ. ಹುಡುಗರ ಅಪ್ಪನ ಪಾತ್ರವೂ ಅವನದೇ. ಆ ನೀರುನಾಯಿ ಪಳಗಿದ್ದು. ಅವನ ಎಷ್ಟೋ ಪ್ರಾಣಿಗಳು ಹಾಗೆಯೇ. ನನಗೆ ಅದು ಮೋಸ ಅನ್ನಿಸುವುದಿಲ್ಲ. ಅವನು ಕತೆ ಹೇಳುತ್ತಿದ್ದ. ಪ್ರಾಣಿಯ ಜೊತೆ ತಿಂಗಳುಗಟ್ಟಲೆ ಬದುಕದವನಿಗೆ ಅಂಥ ಕತೆ ಸಿಗುವುದೂ ಇಲ್ಲ.

ಈಗ ನಿನಗೆ ಹೇಳಲೇಬೇಕಾದ ವಿಷಯಕ್ಕೆ ಬರುತ್ತೇನೆ. ಅವನು ನಮ್ಮ ದೇಶಕ್ಕೂ ಬಂದಿದ್ದ. 1951ರಲ್ಲಿ ಕಾಶ್ಮೀರದ ನದಿಯ ಮೇಲೆ ಒಂದು ಕಿರುಚಿತ್ರ ಮಾಡಿದ. ಆಮೇಲೆ ಈಗಿನ ಛತ್ತೀಸ್‌ಗಢದ ಬಸ್ತರಿನ ಕಾಡಿಗೆ ಹೋದ. ನಾರಾಯಣಪುರದ ಹತ್ತಿರ ಗಢ್ ಬೆಂಗಾಲ್ ಅಂತ ಒಂದು ಹಳ್ಳಿ, ಮುರಿಯಾ ಆದಿವಾಸಿಗಳದ್ದು. ಅಲ್ಲಿ ಸಿಕ್ಕವನೇ ಚೆಂದ್ರು ಎಂಬ ಪುಟ್ಟ ಹುಡುಗ. ಬಿಲ್ಲು ಬಾಣ ಹಿಡಿದು ಚಿರತೆಯನ್ನು ಎದುರಿಸುವ ಹಳ್ಳಿಯ ಕತೆ, ಬಣ್ಣದ ಚಿತ್ರ, ಸಿತಾರ್ ವಾದಕ ರವಿಶಂಕರ್ ಸಂಗೀತ. 1957ರಲ್ಲಿ ಬಿಡುಗಡೆಯಾಯಿತು. ಆರ್ನೆಯ ಹೆಂಡತಿ ಆಸ್ಟ್ರಿಡ್ ಫೋಟೋಗ್ರಾಫರ್. ಹುಲಿಯ ಜೊತೆಗಿರುವ ಚೆಂದ್ರುವಿನ ಫೋಟೋಗಳನ್ನು ಸೇರಿಸಿ ಆಕೆ ಮಕ್ಕಳ ಪುಸ್ತಕ ಮಾಡಿದಳು. ಎಲ್ಲೆಲ್ಲಿಯ ಮಕ್ಕಳೋ ಅವನ ಹೆಸರು ಕಲಿತರು.

ಚೆಂದ್ರುವನ್ನು ಸ್ವೀಡನ್ನಿಗೂ ಕರೆದುಕೊಂಡು ಹೋಗಿದ್ದರು. ಆಮೇಲೆ ಅವನು ವಾಪಸ್ ಅದೇ ಹಳ್ಳಿಗೆ ಬಂದ. ಬಡತನದಲ್ಲೇ ಬದುಕಿದ, 2013ರಲ್ಲಿ ತೀರಿಕೊಂಡ. ಇದನ್ನು ಓದಿದ ದಿನ ನನಗೆ ಊಟ ಸೇರಲಿಲ್ಲ ಕಣೋ. ಚಿತ್ರ ಸುಂದರವಾಗಿದೆ, ಅದರಲ್ಲಿ ಎರಡು ಮಾತಿಲ್ಲ. ಆದರೆ ಆ ಸೌಂದರ್ಯದಲ್ಲಿ ಚೆಂದ್ರುವಿನ ಪಾಲು ಎಷ್ಟು? ಕ್ಯಾಮೆರಾ ಎತ್ತಿಕೊಂಡು ಹೊರಟವರು ಅವನ ಮನೆಯಲ್ಲಿ ಏನು ಬಿಟ್ಟು ಹೋದರು? ನೀನೂ ಊರೂರು ತಿರುಗಿ ಜನರ ಫೋಟೋ ತೆಗೆಯುವವನು. ಅದಕ್ಕೇ ಇದನ್ನು ನಿನಗೆ ಬರೆಯಬೇಕು ಅನ್ನಿಸಿತು.

ಆಮೇಲಿನ ಆರ್ನೆಯ ದಾರಿ ವಿಚಿತ್ರ. 1961ರ ಚಿತ್ರಕ್ಕೆ ಅಮೆರಿಕದ ಹೆಸರಾಂತ ಸಂಗೀತಗಾರ ಕ್ವಿನ್ಸಿ ಜೋನ್ಸ್ ಸಂಗೀತವಿದ್ದರೂ ಅದು ಸೋತಿತು. ಆರ್ನೆ ಸ್ವೀಡನ್ ಬಿಟ್ಟ. 1962ರಲ್ಲಿ ರಿಯೋ ಡಿ ಜನೈರೋದಲ್ಲಿ ಸಿನಿಮಾ ಪಾಠ ಮಾಡಿದ. ಬ್ರೆಜಿಲ್ಲಿನ ಹೊಸ ಅಲೆಯ ಸಿನಿಮಾದ ಕೆಲವು ಹುಡುಗರು ಅವನ ಕೈಕೆಳಗೆ ಕಲಿತವರು. ಅಲ್ಲಿನ ಮನೆಯಿಲ್ಲದ ಮಕ್ಕಳನ್ನೇ ಇಟ್ಟುಕೊಂಡು 1965ರಲ್ಲಿ ರಿಯೋದ ಕಡಲತೀರದ ಬಡಾವಣೆ ಕೋಪಕಬಾನಾದ ಚಿತ್ರ ಮಾಡಿದ.

ಈ ಸಲ ಮಾತ್ರ ಚಿತ್ರ ಮುಗಿದ ಮೇಲೆ ಅವನು ಹೊರಡಲಿಲ್ಲ. ಬ್ರೆಜಿಲ್ಲಿನಲ್ಲೇ ಪಂತನಾಲ್ ಅಂತ ದೊಡ್ಡ ಜೌಗು ಪ್ರದೇಶವಿದೆ, ಅಲ್ಲಿ ಹೋಗಿ ನೆಲೆಸಿದ. ದಶಕಗಳ ಕಾಲ ಇದ್ದ. ಆ ಕಾಡಿನ ಪರವಾಗಿ, ಪ್ರಾಣಿಗಳ ಪರವಾಗಿ ದನಿ ಎತ್ತಿದ. ಮುಪ್ಪಿನಲ್ಲಿ ಸ್ವೀಡನ್ನಿಗೆ ಮರಳಿ 2001ರಲ್ಲಿ ತೀರಿಕೊಂಡ. ಅಷ್ಟು ವರ್ಷ ಪಂತನಾಲ್‌ನಲ್ಲಿ ಕೂತವನಿಗೆ ಬಸ್ತರಿನ ಆ ಹುಡುಗ ಎಷ್ಟು ಸಲ ನೆನಪಾಗಿರಬಹುದು ಅಂತ ನಾನು ಸುಮ್ನೆ ಯೋಚಿಸುತ್ತಿರುತ್ತೇನೆ.

ಮುಂದಿನ ತಿಂಗಳು ಬರುತ್ತೀಯಲ್ಲ, ಮೊದಲು ನೀರುನಾಯಿಯ ಚಿತ್ರ ನೋಡೋಣ. ಬಸ್ತರಿನದನ್ನು ಮಾರನೇ ದಿನಕ್ಕೆ ಇಟ್ಟುಕೊಳ್ಳೋಣ, ಅದನ್ನು ನೋಡಿದ ಮೇಲೆ ತುಂಬಾ ಹೊತ್ತು ಮಾತಾಡುವುದಿದೆ. ಬರುವಾಗ ಹೋದ ವರ್ಷ ಸಂತೆಯಲ್ಲಿ ತೆಗೆದೆಯಲ್ಲ, ಆ ಅಜ್ಜಿಯ ಫೋಟೋದ ಎರಡು ಪ್ರಿಂಟ್ ಹಾಕಿಸಿಕೊಂಡು ಬಾ. ಒಂದನ್ನು ಅಜ್ಜಿಗೇ ಕೊಟ್ಟು ಬರೋಣ.

ನಿನ್ನ ಗೆಳೆಯ