ಒಂದೇ ಏಟಿನ ಕೇಸು

ಚಿ. ಪುಟ್ಟಿಗೆ ದೊಡ್ಡಪ್ಪನ ಆಶೀರ್ವಾದಗಳು.

ನೀನು ಕಳಿಸಿದ ಅಪೀಲು ಮೆಮೋನೂ (ಮೇಲ್ಮನವಿ) ಪೇಪರ್ ಬುಕ್ಕೂ (ಕೇಸಿನ ದಾಖಲೆಗಳ ಕಟ್ಟು) ಓದಿದೆ. 2018ರ ಘಟನೆ. ಕಾಲುವೆ ನೀರಿಗೆ ಜಗಳ, ಗುದ್ದಲಿ ಕಾವಿನಿಂದ ತಲೆಗೆ ಒಂದು ಏಟು, ಮೂರನೇ ದಿನ ಆಸ್ಪತ್ರೆಯಲ್ಲಿ ಸಾವು. ಸೆಷನ್ಸ್ ಕೋರ್ಟಿನಲ್ಲಿ ನಿನ್ನ ಕಕ್ಷಿದಾರನಿಗೆ ಐಪಿಸಿ (ಭಾರತೀಯ ದಂಡ ಸಂಹಿತೆ) 302, ಅಂದ್ರೆ ಕೊಲೆ, ಜೀವಾವಧಿ. ನೀನು ಹಾಕಿದ ಹನ್ನೊಂದು ಗ್ರೌಂಡ್ಸ್‌ನಲ್ಲಿ ಏಳು ಕಡೆ ‘ಕೊಲ್ಲುವ ಉದ್ದೇಶ ಇರಲಿಲ್ಲ’ ಅಂತಲೇ ಇದೆ. ಅದನ್ನೇ ನೆಚ್ಚಿಕೊಂಡು ನಿಂತರೆ ಬೆಂಚು ನಿನ್ನನ್ನು ಹತ್ತು ನಿಮಿಷದಲ್ಲಿ ಕೂರಿಸುತ್ತದೆ.

ಯಾಕೆ ಅಂದ್ರೆ, ಕೊಲೆ ಯಾವುದು ಅಂತ ಹೇಳುವ ಐಪಿಸಿ 300ರ ಮೂರನೇ ಭಾಗಕ್ಕೆ ಕೊಲ್ಲುವ ಉದ್ದೇಶವೇ ಬೇಕಿಲ್ಲ. 1958ರ ವಿರ್ಸಾ ಸಿಂಗ್ ತೀರ್ಪು ತೆಗೆದು ನೋಡು. ಪಂಜಾಬಿನ ಕೇಸು. ಭರ್ಜಿಯಿಂದ ಹೊಟ್ಟೆಗೆ ಒಂದೇ ತಿವಿತ. ಕರುಳಿನ ಮೂರು ಸುರುಳಿ ಆಚೆ ಬಂದಿದ್ದವು. ಸಾಯಿಸುವಷ್ಟು ದೊಡ್ಡ ಗಾಯ ಮಾಡುವ ಉದ್ದೇಶ ರುಜುವಾತಾಗಿಲ್ಲ ಅನ್ನೋದು ಆರೋಪಿ ಪರವಾದ ವಾದ. ನ್ಯಾಯಮೂರ್ತಿ ವಿವಿಯನ್ ಬೋಸ್ ಒಪ್ಪಲಿಲ್ಲ. ಅವರು ಪ್ರಶ್ನೆಯನ್ನು ಎರಡಾಗಿ ಒಡೆದರು. ಆ ಗಾಯವನ್ನು ಬೇಕೆಂದೇ ಮಾಡಿದನಾ, ಇಲ್ಲ ಗುರಿ ತಪ್ಪಿ ಅಲ್ಲಿಗೆ ಬಿತ್ತಾ? ಇದಕ್ಕೆ ಮಾತ್ರ ಅವನ ಮನಸ್ಸು ನೋಡಬೇಕು. ಆ ಗಾಯ ಸಹಜ ಗತಿಯಲ್ಲಿ ಸಾವು ತರಲು ಸಾಕಷ್ಟಿತ್ತಾ? ಇದು ಗಾಯವನ್ನೇ ನೋಡಿ ಹೇಳುವ ಮಾತು. ಅವನು ಏನಂದುಕೊಂಡಿದ್ದ ಅನ್ನೋದು ಇಲ್ಲಿ ಲೆಕ್ಕಕ್ಕಿಲ್ಲ.

ನನ್ನ ಮೊದಲ ಮರ್ಡರ್ ಅಪೀಲಿನಲ್ಲಿ ನಾನೂ ಅರ್ಧ ಗಂಟೆ ‘ಒಂದೇ ಏಟು ಸ್ವಾಮಿ’ ಅಂತ ಕೂಗಾಡಿದ್ದೆ. ಜಡ್ಜು ಕೇಳಿದ್ದು ಒಂದೇ: ಚಾಕು ಎಷ್ಟು ಆಳ ಹೋಗಿತ್ತು? ನನಗೆ ಗೊತ್ತಿರಲಿಲ್ಲ. ಪೋಸ್ಟ್‌ಮಾರ್ಟಂ ರಿಪೋರ್ಟು ಬ್ಯಾಗಿನಲ್ಲೇ ಇತ್ತು. ಮಡಿಕೆ ಸಹ ಬಿಚ್ಚಿರಲಿಲ್ಲ.

ಹಾಗಾಗಿ ಮೊದಲು ಡಾಕ್ಟರ ಸಾಕ್ಷ್ಯ ಓದು. ಬುರುಡೆ ಬಿರುಕು ಬಿಟ್ಟಿದೆ, ಒಳಗೆ ರಕ್ತ ಹೆಪ್ಪುಗಟ್ಟಿದೆ. ಚೀಫ್‌ನಲ್ಲಿ, ಅಂದ್ರೆ ಸರ್ಕಾರಿ ವಕೀಲರ ಮೊದಲ ಪ್ರಶ್ನೆಗಳಿಗೆ, ಅವರು ‘ಇದರಿಂದ ಸಾವು ಬರಬಹುದು’ ಅಂದಿದ್ದಾರೆ, ಅಷ್ಟೇ. ‘ಸಹಜ ಗತಿಯಲ್ಲಿ ಸಾವು ತರಲು ಸಾಕು’ ಅಂತ ಹೇಳಿಲ್ಲ, ಪಬ್ಲಿಕ್ ಪ್ರಾಸಿಕ್ಯೂಟರ್ ಕೇಳಿಯೂ ಇಲ್ಲ. ನಿನ್ನ ಮೆಮೋದಲ್ಲಿ ಇದರ ಸುಳಿವೇ ಇಲ್ಲವಲ್ಲ! ‘ಬರಬಹುದು’ ಅನ್ನೋದು 299ರ, ಅಂದ್ರೆ ನರಹತ್ಯೆಯ ಮಾತು, ‘ಸಾಕು’ ಅನ್ನೋದು 300ರ, ಅಂದ್ರೆ ಕೊಲೆಯ ಮಾತು. ಈ ಎರಡರ ನಡುವೆ ನಿನ್ನ ಕಕ್ಷಿದಾರನ ಅರ್ಧ ಆಯುಷ್ಯ ಇದೆ. ಆದರೆ ಡಾಕ್ಟರು ಬಾಯಿಬಿಟ್ಟು ಹೇಳದಿದ್ದರೂ ಗಾಯದ ರೀತಿ ನೋಡಿ ಕೋರ್ಟೇ ತೀರ್ಮಾನಕ್ಕೆ ಬರಬಹುದು. ಅದಕ್ಕೂ ತಯಾರಾಗಿರು.

1876ರ ಗೋವಿಂದನ ಕೇಸೂ ಓದು. ಹದಿನೆಂಟರ ಗಂಡ, ಹದಿನೈದರ ಹೆಂಡತಿ. ಕೆಳಗೆ ಕೆಡವಿ, ಎದೆ ಮೇಲೆ ಮೊಣಕಾಲೂರಿ, ಮುಖಕ್ಕೆ ಎರಡು ಮೂರು ಸಲ ಗುದ್ದಿದ. ಮಿದುಳಿನಲ್ಲಿ ರಕ್ತ ಸೋರಿ ಅವಳು ಸತ್ತಳು. ಬಾಂಬೆ ಹೈಕೋರ್ಟಿನ ಮೆಲ್ವಿಲ್ ಇದು ಕೊಲೆಯಲ್ಲದ ನರಹತ್ಯೆ ಅಂದರು. ಕೈಯಲ್ಲಿ ಆಯುಧ ಇರಲಿಲ್ಲ, ಆ ಗುದ್ದು ಸಹಜ ಗತಿಯಲ್ಲಿ ಸಾವು ತರುವಂಥದ್ದೂ ಅಲ್ಲ ಅಂತ. ಓದುವಾಗೆಲ್ಲ ನನಗೆ ಆ ಹುಡುಗಿಯದೇ ಯೋಚನೆ. ಕಾನೂನು ಸರಿ ಇದ್ದರೂ ಸಂಕಟ ಆಗುತ್ತೆ.

ನಿನ್ನ ಕೇಸಿನಲ್ಲಿ ಆಯುಧ ಇದೆ. ಆದರೆ ನೋಡು, ನೀರು ಕಟ್ಟುವವನ ಕೈಯಲ್ಲಿ ಗುದ್ದಲಿ ಹೇಗೂ ಇರುತ್ತೆ. ಅದನ್ನು ಹೊಡೆಯೋಕೆ ಅಂತ ತಂದಿದ್ದಲ್ಲ. ಅಲಗು ಇದ್ದೂ ಅವನು ತಿರುಗಿಸಿ ಕಾವಿನಿಂದ ಹೊಡೆದಿದ್ದಾನೆ. ಇದನ್ನು ನೀನು ಒಂದು ಸಾಲಿನಲ್ಲೂ ಬರೆದಿಲ್ಲ. ನಾನಾಗಿದ್ದರೆ ವಾದ ಅಲ್ಲಿಂದಲೇ ಶುರು ಮಾಡುತ್ತಿದ್ದೆ.

ಆಮೇಲೆ 300ರ ನಾಲ್ಕನೇ ವಿನಾಯಿತಿ, ಕೊಲೆಯನ್ನು ಕೊಲೆಯಲ್ಲದ ನರಹತ್ಯೆಗೆ ಇಳಿಸುವಂಥದ್ದು. ದಿಢೀರ್ ಜಗಳ, ಮೊದಲೇ ಯೋಚಿಸಿದ್ದಲ್ಲ, ಸಿಟ್ಟಿನ ಭರ, ಎದುರಿನವನ ಅಸಹಾಯಕತೆಯ ಲಾಭ ಪಡೆದಿಲ್ಲ, ಕ್ರೂರವಾಗಿ ನಡೆದುಕೊಂಡಿಲ್ಲ. ಇಷ್ಟೂ ಬೇಕು, ಒಂದು ತಪ್ಪಿದರೂ ಹೋಯ್ತು. ವಿಚಾರಣೆಯಲ್ಲಿ ಅವನು ‘ನಾನು ಅಲ್ಲಿರಲೇ ಇಲ್ಲ’ ಅಂದಿದ್ದಾನೆ, ಈಗ ಜಗಳ ಅಂತ ಹೇಗೆ ಹೇಳಲಿ ಅಂತ ಕೇಳಿದ್ದೀಯಲ್ಲ. ಹೇಳಬಹುದು. ವಿನಾಯಿತಿ ತೋರಿಸುವ ಹೊಣೆ ಆರೋಪಿಯದೇ. ಆದರೆ ಸಂಶಯಾತೀತವಾಗಿ ಸಾಬೀತು ಮಾಡಬೇಕಿಲ್ಲ, ಹೀಗಾಗಿರುವ ಸಂಭವವೇ ಹೆಚ್ಚು ಅಂತ ಕಂಡರೆ ಸಾಕು. ಪ್ರಾಸಿಕ್ಯೂಷನ್ ಸಾಕ್ಷಿಗಳ ಬಾಯಿಂದಲೇ ಅದು ಬಂದಿದ್ದರೂ ನಡೆಯುತ್ತೆ.

ಶಿಕ್ಷೆಯ ಲೆಕ್ಕ ಸುಲಭ. ಕೊಲೆಯಲ್ಲದ ನರಹತ್ಯೆಗೆ 304. ಉದ್ದೇಶ ಇತ್ತು ಅಂತಾದರೆ ಪಾರ್ಟ್ ಒನ್, ಜೀವಾವಧಿ ಅಥವಾ 10 ವರ್ಷದವರೆಗೆ. ಬರೀ ತಿಳಿವಳಿಕೆ ಇತ್ತು, ಉದ್ದೇಶ ಇರಲಿಲ್ಲ ಅಂತಾದರೆ ಪಾರ್ಟ್ ಟೂ, ಹೆಚ್ಚೆಂದರೆ 10 ವರ್ಷ. 2024ರ ಜುಲೈ 1ರಿಂದ ಬಂದ ಹೊಸ ಸಂಹಿತೆಯಲ್ಲಿ (ಭಾರತೀಯ ನ್ಯಾಯ ಸಂಹಿತೆ) 302, 304 ಕ್ರಮವಾಗಿ 103, 105 ಆಗಿವೆ, ಪಾರ್ಟ್ ಒನ್‌ಗೆ ಕನಿಷ್ಠ 5 ವರ್ಷ ಸೇರಿದೆ. ನಿನ್ನದು ಹಳೇ ಘಟನೆ, ಐಪಿಸಿಯೇ.

ಇನ್ನೊಂದು. ಪಿಡಬ್ಲ್ಯು 3 (ಪ್ರಾಸಿಕ್ಯೂಷನ್‌ನ ಮೂರನೇ ಸಾಕ್ಷಿ) ಪಾಟೀಸವಾಲಿನಲ್ಲಿ ‘ಹೋಗಿ ಬಂದು ಹೊಡೆದ’ ಅಂದಿದ್ದಾನೆ. ನೀನು ಗಮನಿಸಿಲ್ಲ, ಆದರೆ ಸರ್ಕಾರಿ ವಕೀಲರು ಬಿಡೋದಿಲ್ಲ. ಎಲ್ಲಿಗೆ ಹೋದ? ಬದುವಿನ ಮೇಲೆ ಇಟ್ಟಿದ್ದ ಗುದ್ದಲಿ ತರೋಕಾ, ಮನೆಗಾ? ಮನೆಗೆ ಹೋಗಿ ಬಂದಿದ್ದರೆ ಸಿಟ್ಟಿನ ಭರ ಅನ್ನೋ ಮಾತು ಅರ್ಧ ದಾರಿಯಲ್ಲೇ ಬಿದ್ದುಹೋಗುತ್ತೆ. ಸ್ಪಾಟ್ ಮಹಜರಿನ ಜೊತೆಗಿರುವ ಸ್ಕೆಚ್ಚು ಪೇಪರ್ ಬುಕ್ಕಿನಲ್ಲಿ ಸರಿಯಾಗಿ ಕಾಣುತ್ತಿಲ್ಲ. ಒಳ್ಳೇ ನಕಲು ತೆಗೆಸಿ ಕಳಿಸು. ಕಾಲುವೆಯಿಂದ ಅವನ ಮನೆ ಎಷ್ಟು ದೂರ ಅಂತ ನೋಡಬೇಕು.

ನಿನ್ನ ದೊಡ್ಡಪ್ಪ