ಟಿವಿಗೆ ಬೆನ್ನು ಹಾಕಿ ಕೂತ ಹುಡುಗನಿಗೆ

ಕಳೆದ ಸೋಮವಾರ ಇವರು ಮತ್ತೆ ಆಫೀಸಿಗೆ ಹೋದರು. ಲ್ಯಾಪ್‌ಟಾಪ್ ಬ್ಯಾಗ್ ಕಾರಿನ ತನಕ ನಾನೇ ಹೊತ್ತೆ, ಅದಕ್ಕೆ ಬೈಸಿಕೊಂಡೆ. ಏನಾಗಿತ್ತು, ಎಷ್ಟು ದಿನ ಆಸ್ಪತ್ರೆ, ಎಷ್ಟು ಆಪರೇಶನ್ ಅನ್ನೋದೆಲ್ಲ ನಿಮಗೆ ಗೊತ್ತೇ ಇದೆ. ವಾಟ್ಸಾಪ್‌ನಲ್ಲಿ ಹೇಳಿ ಹೇಳಿ ನನಗೇ ಬಾಯಿಪಾಠ ಆಗಿದೆ. ಅದನ್ನು ಮತ್ತೆ ಬರೆಯಲ್ಲ. ಥ್ಯಾಂಕ್ಸ್ ಹೇಳೋದು ಬಾಕಿ ಇತ್ತು, ಅದಕ್ಕೆ ಕೂತಿದ್ದೇನೆ.

ಸರದಿ ಹಾಕಿಕೊಂಡು ಸಾರು, ಅನ್ನ, ಪಲ್ಯ ತಂದಿಟ್ಟ ಇಲ್ಲಿನ ಕನ್ನಡದವರಿಗೆ, ಮಕ್ಕಳನ್ನು ಸ್ಕೂಲಿಗೆ ಬಿಟ್ಟು ಕರೆತಂದ ಪಕ್ಕದ ಮನೆಯವರಿಗೆ, ಹಪ್ಪಳದ ಡಬ್ಬಿ ಸಮೇತ ತಿಪಟೂರಿನಿಂದ ಹಾರಿ ಬಂದ ಅಮ್ಮನಿಗೆ, ಇವರ ಕೆಲಸವನ್ನೆಲ್ಲ ಸದ್ದಿಲ್ಲದೆ ಹಂಚಿಕೊಂಡ ಟೀಮಿಗೆ, ಇವರ ಉದ್ದದ ಹೆಸರನ್ನು ಬಿಡದೆ ಕಲಿತ ನೈಟ್ ಡ್ಯೂಟಿ ನರ್ಸ್‌ಗಳಿಗೆ, ಎಲ್ಲರಿಗೂ ಕೈ ಮುಗಿದೆ. ಒಂದೇ ಸಾಲಲ್ಲಿ ಮುಗಿಸಿಬಿಟ್ಟಳು ಅಂತ ಬೇಜಾರು ಮಾಡ್ಕೋಬೇಡಿ. ಉಳಿದ ಜಾಗ ಒಬ್ಬನಿಗೆ ಬೇಕು.

ಅವನ ಹೆಸರು ಹಾಕಿದರೆ ಒಂದು ತಿಂಗಳು ಫೋನ್ ಎತ್ತಲ್ಲ ಅಂತ ಹೆದರಿಸಿದ್ದಾನೆ. ಮಂಡ್ಯ ಕಡೆಯ ಹುಡುಗ. ಇವರ ಜೊತೆ ಕೆಲಸ. ಫಿಲಡೆಲ್ಫಿಯಾಗೆ ಬಂದು ಎಂಟು ವರ್ಷ ಆಯಿತು, ಈಗಲ್ಸ್ ಟೀಮ್ ಅಂದರೆ ಪ್ರಾಣ. ನಮ್ಮ ಮನೆಗೆ ಬಂದಾಗಲೆಲ್ಲ ಅಮೆರಿಕನ್ ಫುಟ್‌ಬಾಲ್ ವಿಷಯ ತೆಗೆಯುತ್ತಿದ್ದ, ನಾನು ಒಗ್ಗರಣೆ ನೆಪ ಮಾಡಿ ಒಳಗೆ ಹೋಗುತ್ತಿದ್ದೆ.

ಇವರು ಆಸ್ಪತ್ರೆಯಲ್ಲಿದ್ದ ಆ ರಾತ್ರಿ 2025ರ ಫೆಬ್ರವರಿ 9, ಭಾನುವಾರ. ಈ ಊರಲ್ಲಿ ಇರುವವರಿಗೆ ತಾರೀಕು ಹೇಳಿದರೆ ಸಾಕು. ನ್ಯೂ ಆರ್ಲಿಯನ್ಸ್‌ನಲ್ಲಿ ಸೂಪರ್ ಬೌಲ್, ಅಂದರೆ ಅಮೆರಿಕನ್ ಫುಟ್‌ಬಾಲ್‌ನ ಫೈನಲ್, ಈಗಲ್ಸ್‌ಗೂ ಕಾನ್ಸಾಸ್ ಸಿಟಿ ಚೀಫ್ಸ್‌ಗೂ. ಅವನ ಮನೆಗೆ ಹನ್ನೆರಡು ಜನ ಬಂದಿದ್ದರು, ಬಿರಿಯಾನಿ ದಮ್‌ಗೆ ಇಟ್ಟಿದ್ದ. ನಾನು ಐದು ಗಂಟೆಗೆ ಫೋನ್ ಮಾಡಿದ್ದು ಬಾ ಅಂತ ಕರೆಯೋಕಲ್ಲ, ಇವರ ಮ್ಯಾನೇಜರ್ ನಂಬರ್ ಕೇಳೋಕೆ. ನಂಬರ್ ಕೊಟ್ಟ, ಇಟ್ಟ. ಆರೂವರೆಗೆ, ಅಲ್ಲಿ ಆಟ ಶುರುವಾಗುವ ಹೊತ್ತಿಗೆ ಸರಿಯಾಗಿ, ವೇಟಿಂಗ್ ರೂಮಿನ ಬಾಗಿಲಲ್ಲಿ ನಿಂತಿದ್ದ. ಮೈಮೇಲೆ ಹಸಿರು ಜೆರ್ಸಿ, ಬೆನ್ನಿಗೆ 79, ಬ್ರೂಕ್ಸ್ ಅಂತ. ಫೆಬ್ರವರಿ ಚಳಿಯಲ್ಲಿ ಕಾಲಿಗೆ ಮನೆಯಲ್ಲಿ ಹಾಕುವ ಹವಾಯಿ ಚಪ್ಪಲಿ. ನಾವು ಬಿರಿಯಾನಿ ತಿನ್ನಲ್ಲ ಅಂತ ನೆನಪಿಟ್ಟುಕೊಂಡು, ಖಾಲಿ ಮೊಸರಿನ ಡಬ್ಬಿಯಲ್ಲಿ ಚಿತ್ರಾನ್ನ ತುಂಬಿಕೊಂಡು ಬಂದಿದ್ದ. ಮನೆಯ ಬೀಗದ ಕೈ ನೆಂಟರಿಗೇ ಕೊಟ್ಟು ಬಂದೆ ಅಂದ.

ವೇಟಿಂಗ್ ರೂಮಿನ ಗೋಡೆ ಮೇಲೆ ಒಂದು ಟಿವಿ ಇತ್ತು, ಸೌಂಡ್ ಇಲ್ಲದೆ ಮ್ಯಾಚ್ ಓಡುತ್ತಿತ್ತು. ಅವನು ಕುರ್ಚಿ ತಿರುಗಿಸಿ ನನ್ನ ಎದುರಿಗೆ ಕೂತ. ಅಂದರೆ ಟಿವಿಗೆ ಬೆನ್ನು. ಆಗ ನನ್ನ ಗಮನಕ್ಕೆ ಬರಲಿಲ್ಲ. ಎಷ್ಟೋ ವಾರ ಆದಮೇಲೆ ಪಾತ್ರೆ ತೊಳೆಯುತ್ತಾ ಸುಮ್ನೆ ನಿಂತಾಗ ಹೊಳೆಯಿತು.

ಡಾಕ್ಟರ್ ಎರಡನೇ ಸಲ ಹೊರಗೆ ಬಂದು ಮಾತಾಡಿ ಹೋದಮೇಲೆ ನನಗೆ ತಡೆಯಲಾಗಲಿಲ್ಲ, ಬಾತ್‌ರೂಮಿಗೆ ಓಡಿ ವಾಂತಿ ಮಾಡಿದೆ. ಮತ್ತೆ ಮಾಡಿದೆ. ಕೈಕಾಲು ನಡುಗಿ ನೆಲದ ಮೇಲೇ ಕೂತುಬಿಟ್ಟೆ. ಒಳಗೆ ಇವರು ಆ ಸ್ಥಿತಿಯಲ್ಲಿ, ನಾನು ಇಲ್ಲಿ ಹೀಗೆ. ಇಷ್ಟು ಕೈಲಾಗದವಳಾ ನಾನು ಅಂತ ನಾಚಿಕೆ. ಬಾಗಿಲ ಆಚೆಯಿಂದ ಇವನ ದನಿ.

"ಅಕ್ಕ, ಇಲ್ಲೇ ಇದೀನಿ. ನೀವು ಮಾತಾಡ್ಬೇಡಿ, ನಾನು ಮಾತಾಡ್ತೀನಿ. ಈ ಬ್ರೂಕ್ಸ್ ಇದಾನಲ್ಲ, ನನ್ನ ಬೆನ್ನ ಮೇಲೆ, ಅವನೂ ಹಿಂಗೇ ವಾಂತಿ ಮಾಡ್ತಿದ್ದ."

ಬ್ರ್ಯಾಂಡನ್ ಬ್ರೂಕ್ಸ್ ಬಗ್ಗೆ ನಾನು ಕೇಳಿದ್ದು ಹಾಗೆ, ಬಾತ್‌ರೂಮಿನ ನೆಲದ ಮೇಲೆ ಕೂತು. 150 ಕಿಲೋ ದಾಟಿದ ಮನುಷ್ಯ. ಅಫೆನ್ಸಿವ್ ಲೈನ್‌ನಲ್ಲಿ ಬಲಗಡೆಯ ಗಾರ್ಡ್. 2012ರಲ್ಲಿ ಹ್ಯೂಸ್ಟನ್ ಟೀಮಿನಿಂದ ಶುರು, 2016ರಲ್ಲಿ ಇಲ್ಲಿಗೆ ಬಂದ. ಬಂದ ವರ್ಷವೇ ಎರಡು ಮ್ಯಾಚ್ ತಪ್ಪಿಸಿಕೊಂಡ. ಎರಡು ಸಲವೂ ಮ್ಯಾಚ್ ದಿನವೇ ವಾಂತಿ, ಆಸ್ಪತ್ರೆ. ಹೊಟ್ಟೆಯ ತೊಂದರೆ ಅಂದುಕೊಂಡರೆ ಅದು ಹೊಟ್ಟೆಯದ್ದಲ್ಲ, ಆಂಗ್ಸೈಟಿ, ಅಂದರೆ ವಿಪರೀತ ಆತಂಕ. ಡಿಸೆಂಬರ್‌ನಲ್ಲಿ ಪತ್ರಕರ್ತರ ಮುಂದೆ ನಿಂತು ತಾನೇ ಹೇಳಿಕೊಂಡ. ಆಟದ ಭಯ ಅಲ್ಲ, ಒಂದು ಸಣ್ಣ ತಪ್ಪೂ ಆಗಬಾರದು ಅನ್ನುವ ಹುಚ್ಚು ತನ್ನನ್ನು ತಿನ್ನುತ್ತಿದೆ ಅಂತ.

"ಅಫೆನ್ಸಿವ್ ಲೈನ್ ಅಂದ್ರೆ ಏನು" ಅಂತ ಕೇಳಿದೆ. ಅದನ್ನು ಯಾಕೆ ಕೇಳಿದೆನೋ ಗೊತ್ತಿಲ್ಲ, ಬೇರೆ ಏನಾದರೂ ಕೇಳುವ ಧೈರ್ಯ ಇರಲಿಲ್ಲ.

ಹೊರಗೆ ಬಂದು ಕೂತಮೇಲೆ ವಿವರಿಸಿದ. ಐದು ಜನ ಅಕ್ಕಪಕ್ಕ ಬಗ್ಗಿ ನಿಲ್ಲುತ್ತಾರೆ. ನಡುವಿನವನು ಸೆಂಟರ್, ಚೆಂಡನ್ನು ಕಾಲ ಸಂದಿಯಿಂದ ಹಿಂದಕ್ಕೆ ಕೊಡುವವನು. ಅವನ ಎರಡು ಪಕ್ಕ ಗಾರ್ಡ್‌ಗಳು, ಆ ತುದಿ ಈ ತುದಿಗೆ ಟ್ಯಾಕಲ್‌ಗಳು. ಎದುರಿಂದ ನುಗ್ಗುವವರನ್ನು ತಡೆದು ಹಿಂದೆ ನಿಂತು ಚೆಂಡು ಎಸೆಯುವ ಕ್ವಾರ್ಟರ್‌ಬ್ಯಾಕ್‌ನನ್ನು ಉಳಿಸೋದು ಕೆಲಸ. ಹೆಸರಿಗೆ ಅಫೆನ್ಸಿವ್, ಮಾಡೋದು ಬರೀ ತಡೆಯೋದು! ಇವರು ಓಡಿ ಹೋಗಿ ಚೆಂಡು ಹಿಡಿಯುವ ಹಾಗಿಲ್ಲ. ಎದುರಾಳಿಯನ್ನೂ ಹಿಡಿಯುವ ಹಾಗಿಲ್ಲ. ಅಂಗಿ ಹಿಡಿದು ಎಳೆದರೆ ತಪ್ಪು ಅಂತ ಹಳದಿ ಬಟ್ಟೆ ಬೀಳುತ್ತದೆ, ಟೀಮ್ 10 ಗಜ ಹಿಂದಕ್ಕೆ ಹೋಗಬೇಕು. ಆಗ ಮಾತ್ರ ರೆಫರಿ ಮೈಕ್‌ನಲ್ಲಿ ಇವರ ನಂಬರ್ ಕೂಗುತ್ತಾನೆ. ಮೂರು ಗಂಟೆ ಸರಿಯಾಗಿ ಆಡಿದ್ದಕ್ಕೆ ಯಾರೂ ಕೂಗಲ್ಲ.

"ಕಬಡ್ಡಿಲಿ ಕಾಲು ಹಿಡಿದು ಕೆಡವಬಹುದು ಕಣಕ್ಕ, ಇಲ್ಲಿ ಹಿಡಿದ್ರೆ ತಪ್ಪು. ತಡೀಬೇಕು ಅಷ್ಟೇ."

ನಾನು ಆಗ ಕುರ್ಚಿಯ ಕೈಯನ್ನು ಬೆರಳು ಬಿಳಚಿಕೊಳ್ಳುವ ಹಾಗೆ ಹಿಡಿದುಕೊಂಡಿದ್ದೆ.

ಅಲ್ಲಿಂದ ಅವನು ನಿಲ್ಲಿಸಲಿಲ್ಲ. 2018ರಲ್ಲಿ ಈಗಲ್ಸ್ ಮೊದಲ ಸಲ ಸೂಪರ್ ಬೌಲ್ ಗೆದ್ದಾಗ ಇವನು ಅಮೆರಿಕಕ್ಕೆ ಹೊಸಬ, ಮೆರವಣಿಗೆ ನೋಡೋಕೆ ಹೋಗಿದ್ದನಂತೆ. ಸೆಂಟರ್ ಜೇಸನ್ ಕೆಲ್ಸಿ, ಟೀಮ್‌ಗಳು ಹೊಸ ಆಟಗಾರರನ್ನು ಆರಿಸಿಕೊಳ್ಳುವ ಡ್ರಾಫ್ಟ್‌ನ ಆರನೇ ಸುತ್ತಿನಲ್ಲಿ 191ನೆಯವನಾಗಿ ಆಯ್ಕೆಯಾದವನು, ಹೊಸವರ್ಷದ ದಿನ ಇಲ್ಲಿ ಬೀದಿಯಲ್ಲಿ ಕುಣಿಯುವ ಮಮ್ಮರ್‌ಗಳ ಮಿರಮಿರ ವೇಷ ಹಾಕಿಕೊಂಡು ಮ್ಯೂಸಿಯಂ ಮೆಟ್ಟಿಲ ಮೇಲೆ ಗಂಟಲು ಹರಿಯುವ ಹಾಗೆ ಭಾಷಣ ಮಾಡಿದ. ಟೀಮಿನ ಒಬ್ಬೊಬ್ಬರ ಹೆಸರು ಹಿಡಿದು, ಜನ ಅವರನ್ನು ಏನಂತ ಆಡಿಕೊಂಡಿದ್ದರು ಅಂತ ಕೂಗಿ ಹೇಳಿದ. ತಾನು ಗಿಡ್ಡ ಅಂದಿದ್ದರು. ಬ್ರೂಕ್ಸ್‌ಗೆ ಆಂಗ್ಸೈಟಿ ಅಂದಿದ್ದರು. ಲಕ್ಷಗಟ್ಟಲೆ ಜನರ ಮುಂದೆ ಆ ಮಾತು ಕೇಳಿ ಇವನಿಗೆ ಮೈ ಜುಂ ಅಂದಿತಂತೆ. ಹೊಸ ಊರಲ್ಲಿ ಇವನಿಗೂ ಆ ಚಳಿಗಾಲ ನಿದ್ದೆ ಇರಲಿಲ್ಲ ಅಂತ ಆಗ ಮೊದಲ ಸಲ ಹೇಳಿದ. ಮಾರನೇ ವಾರ ಆ ಜೆರ್ಸಿ ಕೊಂಡದ್ದು.

"ಇದೇ ಸ್ಟೇಡಿಯಂನಲ್ಲೇ ಅಕ್ಕ," ಅಂತ ತಿರುಗದೆ ಹೆಬ್ಬೆರಳಲ್ಲಿ ಭುಜದ ಹಿಂದಿನ ಟಿವಿ ತೋರಿಸಿದ. 2019ರ ಜನವರಿಯಲ್ಲಿ ಬ್ರೂಕ್ಸ್‌ನ ಹಿಮ್ಮಡಿಯ ಟೆಂಡನ್ (ಸ್ನಾಯುರಜ್ಜು) ಹರಿದದ್ದು ಅಲ್ಲಿ. ಸೆಪ್ಟೆಂಬರ್‌ನ ಮೊದಲ ಮ್ಯಾಚ್‌ಗೆ ವಾಪಸ್. ನವೆಂಬರ್‌ನಲ್ಲಿ 56 ಮಿಲಿಯನ್ ಡಾಲರ್‌ನ ಹೊಸ ಕಾಂಟ್ರಾಕ್ಟ್. ಅದಾಗಿ ಎರಡೇ ವಾರಕ್ಕೆ, ಸಿಯಾಟಲ್ ಎದುರಿನ ಮ್ಯಾಚ್‌ನಲ್ಲಿ ಮತ್ತೆ ವಾಂತಿ, ಸುಸ್ತು, ಆಟ ಬಿಟ್ಟು ಹೊರಗೆ. ನನಗೆ ಇದರಲ್ಲಿ ನಾಚಿಕೆ ಇಲ್ಲ ಅಂದ, ಮುಂದಿನ ವಾರ ಆಡಿದ.

"ಆಮೇಲೆ?"

"ಆಮೇಲೆ ಇನ್ನೊಂದು ಕಾಲಿನ ಟೆಂಡನ್, 2020ರಲ್ಲಿ. 2022ರ ಜನವರಿಯಲ್ಲಿ ನಿವೃತ್ತಿ." ಸುಳ್ಳು ಹೇಳಬಹುದಿತ್ತು, ಆಸ್ಪತ್ರೆಯಲ್ಲಿ ಕೂತವಳಿಗೆ. ಹೇಳಲಿಲ್ಲ. ಅದು ನನಗೆ ಇಷ್ಟವಾಯಿತು.

ಒಂದು ವಿಷಯ ಬರೆಯಲೋ ಬೇಡವೋ ಅಂತ ಮೂರು ದಿನ ಯೋಚಿಸಿದೆ. ಆ ರಾತ್ರಿ ನನ್ನ ತಲೆಯಲ್ಲಿ ದೇವರು ಇರಲಿಲ್ಲ. ಇವರ ಫೋನಿನ ಪಾಸ್‌ವರ್ಡ್ ನನಗೆ ಗೊತ್ತಿಲ್ಲ, ಮನೆ ಸಾಲದ ಕಂತು ಯಾವ ಅಕೌಂಟ್‌ನಿಂದ ಹೋಗುತ್ತದೋ ಗೊತ್ತಿಲ್ಲ, ಚಿಕ್ಕವಳಿಗೆ ಹೇಗೆ ಹೇಳೋದು, ಇದೇ ಲೆಕ್ಕ. ಇವರ ಮೇಲೆ ಸಿಟ್ಟೂ ಬಂದಿತ್ತು, ಎದೆ ಹಿಡಿದಂತಾಗುತ್ತದೆ ಅಂತ ತಿಂಗಳಿಂದ ಹೇಳದೆ ಇದ್ದದ್ದಕ್ಕೆ. ಸಾಯುವ ಹಾಗಿರುವ ಗಂಡನ ಮೇಲೆ ಸಿಟ್ಟು! ಇದನ್ನೆಲ್ಲ ಅವನ ಮುಂದೆ ಹೇಳಿಬಿಟ್ಟೆ, ಗಟ್ಟಿಯಾಗಿ, ಅಕ್ಕಪಕ್ಕದವರು ತಿರುಗಿ ನೋಡುವಷ್ಟು. ಅವನು ಹಾಗೆಲ್ಲ ಅನ್ನಬೇಡಿ ಅನ್ನಲಿಲ್ಲ. ಮೊಸರಿನ ಡಬ್ಬಿಯ ಮುಚ್ಚಳ ತೆಗೆದು ಮುಂದೆ ಇಟ್ಟ. ನಾಲ್ಕು ತುತ್ತು ತಿಂದೆ. ಶೇಂಗಾ ಜಾಸ್ತಿ ಹಾಕಿದ್ದ.

ಹತ್ತು ಗಂಟೆ ದಾಟಿದ ಮೇಲೆ ಊರು ಸಿಡಿಯಿತು. ಹಾರ್ನ್, ಪಟಾಕಿ, ಕೂಗು. ಹಸಿರು ಮಣಿಸರ ಹಾಕಿಕೊಂಡ ನರ್ಸ್ ಒಬ್ಬಳು ಕಾರಿಡಾರ್‌ನಲ್ಲಿ ಕೈ ಎತ್ತಿ ಓಡಿದಳು. ಗೆದ್ವಾ ಅಂತ ನಾನೇ ಕೇಳಿದೆ. "ಗೆದ್ದಂಗಿದೆ" ಅಂದ, ತಿರುಗಲಿಲ್ಲ. 40-22. ಹೋಗು, ನಿನ್ನ ಗೆಳೆಯರು ಕಾಯ್ತಾರೆ ಅಂದೆ. ಬ್ರಾಡ್ ಸ್ಟ್ರೀಟ್ ಪೂರ್ತಿ ಜನ, ರೋಡ್ ಬಂದ್, ಹೋಗೋಕಾಗಲ್ಲ ಅಂದ. ಅವನ ಮನೆ ಕಡೆಯ ರೋಡ್ ಇಡೀ ರಾತ್ರಿ ತೆರೆದೇ ಇತ್ತು ಅಂತ ಆಮೇಲೆ ಗೊತ್ತಾಯಿತು.

ಎರಡು ಗಂಟೆಯ ಮೇಲೆ ಅವನೂ ಮಾತು ನಿಲ್ಲಿಸಿದ. ಮೂರೂ ಮುಕ್ಕಾಲಿಗೆ ಡಾಕ್ಟರ್ ಬಂದು, ಈ ಸಲ ಕುರ್ಚಿ ಎಳೆದುಕೊಂಡು ಕೂತರು. ಅವರ ಮುಖ ನೋಡಿಯೇ ಗೊತ್ತಾಯಿತು. ನಾನು ಅಳುತ್ತಾ ತಿರುಗಿದರೆ ಇವನು ಆ ಹವಾಯಿ ಚಪ್ಪಲಿಯಲ್ಲಿ ಕಾರಿಡಾರ್‌ನ ಆ ತುದಿಗೆ ಹೋಗಿ ಗೋಡೆಗೆ ಮುಖ ಮಾಡಿ ನಿಂತಿದ್ದ. 79 ಮಾತ್ರ ಕಾಣಿಸುತ್ತಿತ್ತು.

ಮೊನ್ನೆ ಭಾನುವಾರ ಊಟಕ್ಕೆ ಕರೆದಿದ್ದೆವು. ಮುದ್ದೆ, ಬಸ್ಸಾರು. ಆ ಮ್ಯಾಚ್ ಪೂರ್ತಿ ನೋಡೇ ಇಲ್ಲ ಅಂದ. ನಂಬ್ತೀರಾ, ಇಷ್ಟು ತಿಂಗಳಾದರೂ! ಇವರು ಅಲ್ಲೇ ಟಿವಿಯಲ್ಲಿ ಹಾಕಿಸಿದರು, ಈ ಸಲ ಟಿವಿಗೆ ಮುಖ ಮಾಡಿ ಕೂರಿಸಿದರು. ಸ್ಕೋರ್ ಗೊತ್ತಿದ್ದೂ ಪ್ರತಿ ಸಲ ಎದ್ದು ನಿಲ್ಲುತ್ತಿದ್ದ. ಚೆಂಡು ನೋಡ್ಬೇಡಿ ಅಕ್ಕ, 77 ನೋಡಿ, ಬ್ರೂಕ್ಸ್ ನಿಲ್ತಿದ್ದ ಜಾಗ ಅಂದ. ನೋಡಿದೆ. ನಾಲ್ಕು ಸೆಕೆಂಡಿನ ಕೆಲಸ, ಮತ್ತೆ ಬಗ್ಗಿ ನಿಲ್ಲೋದು, ಮತ್ತೆ ನಾಲ್ಕು ಸೆಕೆಂಡ್. ಇವರು ಎರಡನೇ ಕ್ವಾರ್ಟರ್‌ನಲ್ಲೇ ಸೋಫಾದ ಮೇಲೆ ಗೊರಕೆ.

ಬಸ್ಸಾರಿಗೆ ಉಪ್ಪು ಕಮ್ಮಿ ಅಂತ ಮೆಲ್ಲಗೆ ಹೇಳಿ ಹೋಗಿದ್ದಾನೆ. ಡಾಕ್ಟರ್ ಇವರಿಗೆ ಬರೆದುಕೊಟ್ಟ ಅಳತೆ ಕಣೋ ಅದು. ಮುಂದಿನ ವಾರ ಬಾ, ನಿನಗೆ ಬೇರೆ ಪಾತ್ರೆಯಲ್ಲಿ ಮಾಡ್ತೀನಿ.